ಒಂದು ಉಸಿರಿನಷ್ಟು ತಡ

ಟ್ರಾಮು ಸೇತುವೆ ಹತ್ತುವ ಹೊತ್ತಿಗೆ ನಿಕಾಂದರನಿಗೆ ತನ್ನ ಬಲಗಾಲು ತನ್ನನ್ನು ಕೇಳದೆಯೇ ಕುಣಿಯುತ್ತಿರುವುದು ಗೊತ್ತಾಯಿತು. ಕೈಯಿಂದ ಅದುಮಿ ಹಿಡಿದ. ಬಿಟ್ಟ ಕೂಡಲೆ ಮತ್ತೆ ಕುಣಿಯಿತು. ಎದುರಿಗೆ ಮಡಿಲಲ್ಲಿ ಎಲೆಕೋಸು ಇಟ್ಟುಕೊಂಡು ಕೂತಿದ್ದ ಹೆಂಗಸು ಮೊದಲು ಆ ಕಾಲು ನೋಡಿದಳು, ಆಮೇಲೆ ಅವನ ಮುಖ ನೋಡಿದಳು, ನೋಡಿದವಳು ನೋಡುತ್ತಲೇ ಉಳಿದಳು. ಈ ನೋಟ ಅವನಿಗೆ ಹೊಸದಲ್ಲ. ಹನ್ನೊಂದು ಚಿತ್ರಗಳಲ್ಲಿ ಮುಖ ತೋರಿಸಿ ಒಂದರಲ್ಲೂ ಹೆಸರು ಕಾಣದವನ ಮೇಲೆ ಇಂಥ ನೋಟ ದಿನಕ್ಕೊಂದಾದರೂ ಬೀಳುತ್ತದೆ: ಎಲ್ಲೋ ನೋಡಿದ್ದೇನೆ, ಎಲ್ಲಿ, ಮೀನಿನಂಗಡಿಯಲ್ಲೋ, ಯಾರದೋ ತಿಥಿಯ ಊಟದಲ್ಲೋ? ಐದು ಸಲ ಪಾದ್ರಿ, ಮೂರು ಸಲ ಅಂಗಡಿಕಾರ, ಎರಡು ಸಲ ಪೊಲೀಸ್ ಅಧಿಕಾರಿ, ಒಂದು ಸಲ ಕುಡುಕ ಜನರಲ್. ಎಲ್ಲ ಸೇರಿಸಿದರೂ ಪರದೆಯ ಮೇಲೆ ಒಂಬತ್ತು ನಿಮಿಷ. ಇದನ್ನು ಅವನೇ ಕತ್ತಲಲ್ಲಿ ಗಡಿಯಾರ ಹಿಡಿದು ಅಳೆದಿದ್ದ, ಅಳೆದದ್ದಕ್ಕೆ ನಾಚಿಕೊಂಡೂ ಇದ್ದ.

"ಫಾದರ್," ಎಂದಳು ಹೆಂಗಸು ಮುಂದಕ್ಕೆ ಬಾಗಿ, ಮೆಲ್ಲಗೆ. "ಗಡ್ಡ ಬೋಳಿಸಿಬಿಟ್ರಾ?"

"ನಾನು ಪಾದ್ರಿ ಅಲ್ಲಮ್ಮ. ಬಾಯ್ಲರ್ ಕೆಲಸದವನು."

"ಕ್ರಾಂತಿ ಆದ್ಮೇಲೆ ಪಾದ್ರಿಗಳೆಲ್ಲಾರೂ ಹಾಗೇ ಹೇಳೋದು," ಎಂದು ಆಕೆ ಕರುಣೆಯಿಂದ ತಲೆಯಾಡಿಸಿ, ಯಾರಿಗೂ ಕಾಣದಂತೆ ಎಲೆಕೋಸಿನ ಮರೆಯಲ್ಲಿ ಎದೆಯ ಮೇಲೆ ಶಿಲುಬೆ ಬರೆದುಕೊಂಡಳು.

ನಿಕಾಂದರನಿಗೆ ನಗು ಉಕ್ಕಿ ಬಂತು. ಎಷ್ಟು ಸಲೀಸಾಗಿ ಬಂದುಬಿಟ್ಟಿತು ಆ ಮಾತು, ಬಾಯ್ಲರ್ ಕೆಲಸದವನು! ಏಳು ತಿಂಗಳಿಂದ ಹೇಳಿ ಹೇಳಿ ಈಗ ನಾಲಗೆಗೆ ಅದೇ ನಿಜ. ಹೋದ ಶರತ್ಕಾಲದಲ್ಲಿ ನಿರ್ದೇಶಕ ರೋಗೋವ್ ತನ್ನ ಕೋಣೆಯ ಬಾಗಿಲಿಗೆ 'ನಟರು ಬರಕೂಡದು' ಎಂದು ಕೆಂಪು ಅಕ್ಷರದಲ್ಲಿ ಬರೆದು ಹಾಕಿದ್ದ. ಇಪ್ಪತ್ತಾರು ವರ್ಷದ ಹುಡುಗ, ಚರ್ಮದ ಕೋಟು, ಉಗುರು ಕಚ್ಚುವ ಚಾಳಿ. ನಟನ ಮುಖವೆಂದರೆ ನೂರು ಜನ ಎಂಜಲು ಮಾಡಿದ ಲೋಟ, ಅದರಲ್ಲಿ ಹೊಸ ನೀರು ಕುಡಿಯುವುದು ಹೇಗೆ ಎಂದು ಸಭೆಗಳಲ್ಲಿ ಹೇಳುತ್ತಿದ್ದ. ಕಾರ್ಖಾನೆಯ ಚಿತ್ರಕ್ಕೆ ಕಾರ್ಖಾನೆಯವರೇ ಬೇಕು, ಬೀದಿಯ ಚಿತ್ರಕ್ಕೆ ಬೀದಿಯವರೇ. ನಿಕಾಂದರನಿಗೆ ಆಗ ಕೆಲಸವಿಲ್ಲದೆ ಎಂಟು ತಿಂಗಳು. ಒಂದು ಬೆಳಿಗ್ಗೆ ಅವನು ಕನ್ನಡಿಯ ಮುಂದೆ ನಿಂತು ಕತ್ತರಿ ತೆಗೆದುಕೊಂಡಾಗ ಹೆಂಡತಿ ಗ್ಲಾಫಿರಾ ಸೀಮೆಎಣ್ಣೆ ಸ್ಟೌವಿಗೆ ಪಂಪು ಹೊಡೆಯುವುದನ್ನು ನಿಲ್ಲಿಸಿ ಕೇಳಿದ್ದಳು: "ಆ ಗಡ್ಡ ಹೋದ್ರೆ ಪಾದ್ರಿ ಪಾತ್ರಾನೂ ಹೋಯ್ತು. ತಿಳ್ಕೊಂಡೇ ಬೋಳಿಸ್ತಿದೀರಾ, ಇಲ್ಲಾ ತಲೆ ಕೆಟ್ಟು ಬೋಳಿಸ್ತಿದೀರಾ?" ಅವನು ಬೋಳಿಸಿದ. ಉಗುರಿನ ಸಂದಿಗೆ ಕಲ್ಲಿದ್ದಲ ಪುಡಿ ತಿಕ್ಕಿದ. ಹೊಸ ಮುಖ ಆರಿಸುವ ಸಾಲಿನಲ್ಲಿ ನಿಂತ. ರೋಗೋವ್ ಬೆರಳುಗಳನ್ನು ಚೌಕಟ್ಟಿನಂತೆ ಹಿಡಿದು ಅವನನ್ನು ನೋಡಿದ.

"ಏನ್ ಕೆಲಸ?"

"ಬಾಯ್ಲರು. ಹತ್ತೊಂಬತ್ತು ವರ್ಷ."

"ಸಿನಿಮಾ ನೋಡ್ತೀರಾ?"

"ಹೆಂಡ್ತಿ ನೋಡ್ತಾಳೆ."

ಇಪ್ಪತ್ತೈದು ವರ್ಷದ ಬಣ್ಣದ ಬದುಕಿನಲ್ಲಿ ತಾನು ಇದಕ್ಕಿಂತ ಚೆನ್ನಾಗಿ ಒಂದು ಮಾತನ್ನು ಹೇಳಿಲ್ಲ ಎಂದು ನಿಕಾಂದರ್ ಇವತ್ತಿಗೂ ನಂಬಿದ್ದಾನೆ. ಕಾರ್ಮಿಕ ಸಂಘದ ಸದಸ್ಯತ್ವದ ಪುಸ್ತಕ ಕೇಳಿದರು. ನಾಳೆ ತರುತ್ತೇನೆ ಎಂದ. ಆ ನಾಳೆ ಇನ್ನೂ ಬಂದಿಲ್ಲ. ಹೆಸರನ್ನು ಮಾತ್ರ ನಿಜವಾದದ್ದೇ ಕೊಟ್ಟ, ಅದನ್ನು ಯಾರೂ ಎಲ್ಲೂ ಓದಿರಲಿಲ್ಲವಲ್ಲ. "ಈ ಕಣ್ಣು ನೋಡಿ," ಎಂದು ರೋಗೋವ್ ಕ್ಯಾಮರಾದವನನ್ನು ಕರೆದು ತೋರಿಸಿದ್ದ, "ಯಾವ ನಟ ಕಲೀತಾನೆ ಇದನ್ನ? ಸತ್ರೂ ಕಲಿಯಲ್ಲ!" ಆಗ ಸಂತೋಷ ಮತ್ತು ಅವಮಾನ ಒಟ್ಟಿಗೇ ಬಂದವು. ಎರಡನ್ನೂ ನುಂಗಿದ. ಇವತ್ತು ಭಾನುವಾರ, ಮಧ್ಯಾಹ್ನ ಎರಡು ಗಂಟೆಗೆ ಆ ಚಿತ್ರ ಮೊದಲ ಸಲ ಜನರೆದುರು ಬರಲಿದೆ, ಅದೂ ಚಿತ್ರ ತೆಗೆದ ಕಾರ್ಖಾನೆಯ ಕ್ಲಬ್ಬಿನಲ್ಲೇ. ನೋಡಿದವರು ಚೀಟಿ ತುಂಬುತ್ತಾರೆ, ಚರ್ಚೆ ಮಾಡುತ್ತಾರೆ. ಅವರು ಒಪ್ಪಿದರೆ ಊರೂರಿಗೆ ಹೋಗುತ್ತದೆ. ರೋಗೋವ್ ಆಗಲೇ ಅವನನ್ನು ಗೌರವದಿಂದ ತಂದೆಯ ಹೆಸರು ಹಿಡಿದು ಕರೆದು ಕಿವಿಯಲ್ಲಿ ಹೇಳಿದ್ದ: ಮುಂದಿನದು ಉತ್ತರ ಸಮುದ್ರದ ಮೀನುಗಾರನ ಚಿತ್ರ, ಆರೂ ಭಾಗ ನಿಮ್ಮ ಮುಖದ ಮೇಲೇ ನಡೀಬೇಕು ಇಪಾತಿಚ್. ಆರು ಭಾಗ, ಅಂದರೆ ಇಡೀ ಚಿತ್ರ! ಕಾಲು ಕುಣಿಯದೆ ಇನ್ನೇನು ಮಾಡೀತು.

ಕ್ಲಬ್ಬಿನ ಬಾಗಿಲಲ್ಲಿ ಯೆರ್ಮೊಲಾಯ್ ಸಾವಿಚ್ ಕಾಯುತ್ತಿದ್ದ, ತೊಳೆದ ಅಂಗಿ, ಎಣ್ಣೆ ಹಚ್ಚಿ ತೀಡಿದ ಮೀಸೆ. ಮೂವತ್ತು ವರ್ಷ ಇದೇ ಕಾರ್ಖಾನೆಯ ಬಾಯ್ಲರಿಗೆ ಕಲ್ಲಿದ್ದಲು ಎಸೆದ ಮನುಷ್ಯ ಅವನು. ಆದರೆ ದೇವರು ಅವನಿಗೆ ಕೊಟ್ಟ ಮುಖ ಬೇರೆ, ತುಂಬಿದ ಕೆನ್ನೆ, ಎರಡು ಗದ್ದ, ಯಾರ ಮೇಲೋ ಸಿಟ್ಟಾಗಲಿರುವ ಹುಬ್ಬು. ರೋಗೋವ್ ಅವನನ್ನು ನೋಡಿದ್ದೇ ತುಪ್ಪಳದ ಕೋಟು ಹೊದಿಸಿ ಕಾರ್ಖಾನೆಯ ಮಾಲೀಕನನ್ನಾಗಿ ಮಾಡಿಬಿಟ್ಟ. ನಿಜವಾದ ಬಾಯ್ಲರಿನವನು ಚಿತ್ರದಲ್ಲಿ ಮಾಲೀಕ. ಪಾದ್ರಿ ಪಾತ್ರದ ನಿಕಾಂದರ್ ಬಾಯ್ಲರಿನವನು. ಮೊದಲ ದಿನವೇ ಅವನು ನಿಕಾಂದರನ ಬೆನ್ನ ಹಿಂದೆ ನಿಂತು ಎರಡು ನಿಮಿಷ ನೋಡಿ, "ತಮ್ಮಾ, ಸಲಿಕೆ ಹಿಡ್ಕೊಂಡಿದೀಯೋ, ಸೂಪ್ ಬಡಿಸ್ತಿದೀಯೋ?" ಎಂದು ಕೇಳಿದ್ದ. ನಿಕಾಂದರನ ಜೀವ ಬಾಯಿಗೆ ಬಂದಿತ್ತು. ಮುದುಕ ಅವನ ಗುಟ್ಟು ಬಿಟ್ಟುಕೊಡಲಿಲ್ಲ. ಊಟದ ಬಿಡುವಿನಲ್ಲಿ, ಕಪ್ಪು ರೊಟ್ಟಿ ಮತ್ತು ಉಪ್ಪುಮೀನು ತಿಂದು ಕೈ ಒರೆಸಿಕೊಂಡು, ಅವನಿಗೆ ಕಲಿಸಿದ: ಮೊದಲು ಕಾಲಿಂದ ಒಲೆಯ ಬಾಗಿಲು ತೆಗಿ, ಆಮೇಲೆ ಸಲಿಕೆ, ಸೊಂಟದಿಂದ ಎಸಿ, ಭುಜದಿಂದಲ್ಲ, ಬಾಗಿಲು ತೆರೆದಿರುವಾಗ ಉಸಿರು ಎಳೀಬೇಡ, ಎದೆ ಸುಡುತ್ತೆ. ಯಾಕೆ ಯಾರಿಗೂ ಹೇಳಲಿಲ್ಲ ಎಂದು ನಿಕಾಂದರ್ ಒಮ್ಮೆ ಕೇಳಿದಾಗ, "ನಾನು ಮಾಲೀಕ ಆಗಿಲ್ವಾ?" ಎಂದು ನಕ್ಕಿದ್ದ.

"ನಮ್ಮ ಬಾಯ್ಲರ್ ಮನೆಯೋರೆಲ್ಲಾ ಬಂದಿದಾರೆ," ಎಂದ ಯೆರ್ಮೊಲಾಯ್ ಈಗ. ಮೀಸೆಯನ್ನು ಮತ್ತೊಮ್ಮೆ ತೀಡಿಕೊಂಡ. "ನಮ್ಮೋಳೂ ಬಂದಿದಾಳೆ. ಹೊಸ ಶಾಲು ಹೊದ್ಕೊಂಡು."

ಒಳಗೆ ಬೆಂಚುಗಳೆಲ್ಲ ತುಂಬಿ ಜನ ಕಿಟಕಿಯ ಕಟ್ಟೆಯ ಮೇಲೂ ಕೂತಿದ್ದರು. ಎಲ್ಲರ ಬಾಯಲ್ಲೂ ಸೂರ್ಯಕಾಂತಿ ಬೀಜ. ಪಿಯಾನೋದವಳು ಬೆರಳು ಬಿಸಿ ಮಾಡಿಕೊಳ್ಳುತ್ತಿದ್ದಳು. ದೀಪ ಆರಿತು, ಮೊದಲ ಭಾಗ ಓಡಿತು, ದೀಪ ಹತ್ತಿತು. ಯಂತ್ರ ಒಂದೇ ಆದ್ದರಿಂದ ಪ್ರತಿ ಭಾಗ ಮುಗಿದಾಗಲೂ ರೀಲು ಬದಲಾಯಿಸುವವರೆಗೆ ದೀಪ ಹತ್ತುತ್ತಿತ್ತು. ಆಗೆಲ್ಲ ಜನ ತಿರುಗಿ ತಿರುಗಿ ಪರದೆಯ ಮೇಲೆ ಕಂಡವರನ್ನು ಬೆಂಚಿನ ಮೇಲೆ ಹುಡುಕುತ್ತಿದ್ದರು. ನಿಕಾಂದರ್ ಟೋಪಿ ಕೆಳಗೆಳೆದು ಎಂಟನೆಯ ಸಾಲಿನಲ್ಲಿ ಇಬ್ಬರು ನೇಯ್ಗೆಯ ಹೆಂಗಸರ ನಡುವೆ ಹುದುಗಿ ಕೂತಿದ್ದ. ಯೆರ್ಮೊಲಾಯ್‌ಗೆ ಹಾಗೆ ಹುದುಗಲು ಬರಲಿಲ್ಲ. ಮೊದಲ ಭಾಗದ ನಂತರ, "ಸಾವಿಚ್, ನಿನ್ನ ಹೊಟ್ಟೆ ಪರದೆ ಹರೀತಲ್ಲೋ!" ಎಂದು ಯಾರೋ ಕೂಗಿ ಎಲ್ಲರೂ ನಕ್ಕರು, ಅವನೂ ನಕ್ಕ. ಎರಡನೆಯದರ ನಂತರ ನಗು ಕಡಿಮೆಯಾಯಿತು. ಮೂರನೆಯದರಲ್ಲಿ ಮಾಲೀಕ ಸೈನಿಕರನ್ನು ಕರೆಸುತ್ತಾನೆ, ಗೇಟಿನ ಬಳಿ ಗುಂಡು ಹಾರುತ್ತದೆ, ಬಾಯ್ಲರಿನವನ ಮಗ ಸಾಯುತ್ತಾನೆ.

ಸುದ್ದಿ ಬಾಯ್ಲರ್ ಮನೆಗೆ ಬರುವ ಆ ಒಂದು ನಿಮಿಷಕ್ಕಾಗಿ ನಿಕಾಂದರ್ ಏಳು ತಿಂಗಳು ಕಾದಿದ್ದ. ಸಲಿಕೆಯ ತುಂಬ ಕಲ್ಲಿದ್ದಲು, ಬಾಗಿಲು ತೆರೆದಿದೆ, ಯಾರೋ ಬಂದು ಏನೋ ಹೇಳುತ್ತಾರೆ. ಬಾಯ್ಲರಿನವನು ಎಸೆಯಬೇಕಾದದ್ದನ್ನು ಎಸೆಯುತ್ತಾನೆ, ಬಾಗಿಲು ಮುಚ್ಚುತ್ತಾನೆ, ಆಮೇಲಷ್ಟೇ ಅವನ ಕೈ ಸಲಿಕೆಯನ್ನು ಬಿಡುತ್ತದೆ. ಪರದೆಯ ಮೇಲೆ ತನ್ನ ಮುಖ ಗೋಡೆಯಷ್ಟಾಯಿತು. ಸಭೆ ಬೀಜ ಅಗಿಯುವುದನ್ನು ನಿಲ್ಲಿಸಿತು. ಪಕ್ಕದ ಹೆಂಗಸು ಅವನಾರೆಂದು ನೋಡದೆಯೇ ಅವನ ತೋಳನ್ನು ಹಿಡಿದುಕೊಂಡಳು, ಉಗುರು ನಾಟುವಷ್ಟು ಬಿಗಿಯಾಗಿ, ಮತ್ತು ಆ ಉಗುರಿನ ಉರಿಯಲ್ಲಿ ನಿಕಾಂದರನಿಗೆ ಆದ ಆನಂದವನ್ನು ಏನೆಂದು ಹೇಳುವುದು? ದೂರದ ತಾಂಬೋವ್ ಊರಿನ ಚಳಿಗೆ ಹೆಪ್ಪುಗಟ್ಟಿದ ನಾಟಕಶಾಲೆಗಳಲ್ಲಿ, ಹನ್ನೆರಡು ಜನ ಕೂತು ಕೆಮ್ಮುವ ಸಭೆಗಳಲ್ಲಿ, ಅಂಟಿಸಿದ ಗಡ್ಡಗಳ ಹಿಂದೆ ಅವನು ಬೇಡಿದ್ದು ಇದೊಂದನ್ನೇ. ಆದರೆ ಅದೇ ಗಳಿಗೆಯಲ್ಲಿ ಅವನ ಕಣ್ಣು ಇನ್ನೊಂದನ್ನೂ ನೋಡಿತು. ಕೈ ತಡವಾಗಿ ಬಿಟ್ಟಿತು. ಬಾಗಿಲು ಮುಚ್ಚಿದ ಮೇಲೆ ಒಂದು ಉಸಿರು ಕಳೆದು ಸಲಿಕೆ ಬಿತ್ತು. ಆ ಒಂದು ಉಸಿರಿನಲ್ಲಿ ಬಾಯ್ಲರಿನವನು ಇರಲಿಲ್ಲ. ಮುಂದೆ ಏನು ಮಾಡಬೇಕೆಂದು ನೆನಪಿಸಿಕೊಳ್ಳುತ್ತಿದ್ದ ನಟನೊಬ್ಬ ಇದ್ದ. ಛೆ, ಎಂದುಕೊಂಡ. ಛೆ, ಛೆ. ದೀಪ ಹತ್ತಿತು. ಜನ ಕಣ್ಣು ಒರೆಸಿಕೊಳ್ಳುತ್ತಿದ್ದರು, ಅವನು ಹಲ್ಲು ಕಚ್ಚುತ್ತಿದ್ದ. ಎರಡು ಸಾಲು ಮುಂದೆ ಯೆರ್ಮೊಲಾಯ್‌ನ ಪಕ್ಕದ ಬೆಂಚು ಖಾಲಿಯಾಗಿತ್ತು. ಅವನ ಕಾಲರಿನ ಮೇಲೆ ಹಿಂದಿನಿಂದ ಯಾರೋ ಉಗಿದ ಬೀಜದ ಸಿಪ್ಪೆಗಳಿದ್ದವು. ಅವನ ಹೆಂಡತಿ ಶಾಲನ್ನು ತಲೆಯ ಮೇಲೆ ಎಳೆದುಕೊಂಡಿದ್ದಳು.

ಆರು ಭಾಗವೂ ಮುಗಿದು ಚೀಟಿ ಹಂಚಿದರು. ನಿಕಾಂದರನ ಕೈಗೂ ಒಂದು ಬಂತು, ಒಂದು ಮೋಟು ಪೆನ್ಸಿಲಿನ ಜೊತೆ. ವೃತ್ತಿ, ಮೆಚ್ಚಿದ ಭಾಗ, ಅರ್ಥವಾಗದ ಭಾಗ, ಯಾರನ್ನು ನಂಬಲಿಲ್ಲ, ಯಾಕೆ. ಹೆಸರು ಬೇಡ. ಅವನ ತಲೆಯೊಳಗೆ ಇನ್ನೂ ಆ ಉಸಿರೇ ಕೊರೆಯುತ್ತಿತ್ತು, ಕೈ ತನ್ನಷ್ಟಕ್ಕೆ ಬರೆಯಿತು: 'ಬಾಯ್ಲರಿನವನನ್ನು ನಂಬಲಿಲ್ಲ. ಮೂರನೆಯ ಭಾಗದಲ್ಲಿ ಸಲಿಕೆ ಒಂದು ಉಸಿರಿನಷ್ಟು ತಡವಾಗಿ ಬಿತ್ತು. ಆ ಉಸಿರು ಸುಳ್ಳು.' ಮಡಚಿದ, ಡಬ್ಬಿಗೆ ಹಾಕಿದ, ಎದೆ ಹಗುರಾಯಿತು. ಚೀಟಿ ತಳಕ್ಕೆ ಬಿದ್ದ ಸದ್ದಿನ ಮೇಲೆಯೇ ಅವನಿಗೆ ಹೊಳೆಯಿತು, ವೃತ್ತಿ ಎಂಬ ಕಡೆ ಇಪ್ಪತ್ತೈದು ವರ್ಷ ಪ್ರತಿ ಕಚೇರಿಯಲ್ಲಿ ಬರೆದುಕೊಂಡು ಬಂದ ಪದವನ್ನೇ ಬರೆದಿದ್ದೇನೆ ಎಂದು. ನಟ. ಡಬ್ಬಿಯ ಕಡೆ ಕೈ ಚಾಚಿದ. ಅಷ್ಟರಲ್ಲಿ ಡಬ್ಬಿ ವೇದಿಕೆ ಹತ್ತಿಯಾಗಿತ್ತು.

ಕ್ಲಬ್ಬಿನ ಕಾರ್ಯದರ್ಶಿ ಮೆಲಾನ್ಯಾ ಪ್ರೊಖೋರೊವ್ನಾ ಮಗ್ಗಗಳ ಗದ್ದಲದಲ್ಲಿ ಮಾತಾಡಿ ಮಾತಾಡಿ ಗಂಟಲು ಗಟ್ಟಿ ಮಾಡಿಕೊಂಡವಳು. ಚೀಟಿಗಳನ್ನು ಒಂದೊಂದಾಗಿ ಎತ್ತಿ ಓದಿದಳು. ನೇಯ್ಗೆಯವಳು: ಬಾಯ್ಲರಿನವನನ್ನು ನೋಡಿ ಅತ್ತೆ. ಬಡಗಿ: ಬಾಯ್ಲರಿನವನು ನಮ್ಮವನು, ಮಾಲೀಕನನ್ನು ಎಲ್ಲಿಂದ ಹಿಡಿದು ತಂದಿರಿ, ಅವನನ್ನು ಒಳಗೆ ಹಾಕಿ. ಫಿಟ್ಟರ್: ಮುಖ ಅಂದರೆ ಅದು. ಪಕ್ಕದಲ್ಲಿ ಕೂತ ರೋಗೋವ್ ಉಗುರು ಕಚ್ಚುವುದನ್ನು ಮರೆತು ಹೊಳೆಯುತ್ತಿದ್ದ. ಪ್ರತಿ ಚೀಟಿಗೂ ನಿಕಾಂದರನ ಎದೆ ಹಾರಿ ಹಾರಿ ಕೂರುತ್ತಿತ್ತು, ಖುಷಿಗೆ ಅರ್ಧ, ಭಯಕ್ಕೆ ಅರ್ಧ. ಹನ್ನೆರಡನೆಯದನ್ನು ಮೆಲಾನ್ಯಾ ತನ್ನೊಳಗೇ ಓದಿಕೊಂಡು ಹುಬ್ಬೇರಿಸಿದಳು.

"ವೃತ್ತಿ: ನಟ," ಎಂದು ಗಟ್ಟಿಯಾಗಿ ಓದಿದಳು, ಉಳಿದದ್ದನ್ನೂ ಓದಿದಳು.

ಆಮೇಲೆ ಸಭೆ ಹೊತ್ತಿಕೊಂಡಿತು. "ಯಾವನಯ್ಯಾ ಅವನು ನಟ?" "ಹೊಟ್ಟೆಕಿಚ್ಚು ಕಣ್ರೀ, ಬರೀ ಹೊಟ್ಟೆಕಿಚ್ಚು!" "ಮಗ ಸತ್ತಿದಾನೆ, ಇವನು ಉಸಿರು ಎಣಿಸ್ತಾ ಕೂತಿದಾನೆ!" "ಎದ್ದು ನಿಂತ್ಕೊಳ್ಳೋಕೆ ಹೇಳಿ, ನಾನ್ ತೋರಿಸ್ತೀನಿ ಉಸಿರು ಅಂದ್ರೇನು ಅಂತ!" ತೋಳು ಹಿಡಿದಿದ್ದ ಹೆಂಗಸಂತೂ ಬೆಂಚಿನ ಮೇಲೆ ಹತ್ತಿ ನಿಂತು ನಾಲ್ಕೂ ಕಡೆ ಹುಡುಕುತ್ತಿದ್ದಳು. ರೋಗೋವ್‌ಗೆ ಇದಕ್ಕಿಂತ ಒಳ್ಳೆಯ ಉಡುಗೊರೆ ಬೇಕಿರಲಿಲ್ಲ. ಕೈಯೆತ್ತಿ ಎದ್ದು ನಿಂತ.

"ನೋಡಿದ್ರಲ್ಲ ಕಾಮ್ರೇಡ್ಸ್! ದುಡಿಯೋ ಮನುಷ್ಯನ ಮುಖ ಕಂಡ್ರೆ ಈ ಬಣ್ಣ ಬಳ್ಕೊಳ್ಳೋರಿಗೆ ಹೇಗೆ ಉರಿಯುತ್ತೆ! ಉತ್ತರ ನಾನ್ ಕೊಡಲ್ಲ. ಅವರೇ ಕೊಡ್ಲಿ. ನಮ್ಮ ಬಾಯ್ಲರಿನವರು ಇಲ್ಲೇ ಇದಾರೆ. ಬನ್ನಿ ಇಪಾತಿಚ್, ಮೇಲೆ ಬನ್ನಿ!"

ಜನ ಟೋಪಿ ಹಾರಿಸಿದರು. ಎಂಟನೆಯ ಸಾಲಿನಿಂದ ವೇದಿಕೆಯವರೆಗೆ ಎಷ್ಟೋ ಕೈಗಳು ಅವನ ಬೆನ್ನು ತಟ್ಟಿದವು, ಭುಜ ಹಿಂಡಿದವು, ಯಾರೋ ಅವನ ಕೆನ್ನೆಗೆ ಮುತ್ತಿಟ್ಟರು. ಒಂದು ವಾಕ್ಯ ಸಾಕು ಎಂದು ಅವನಿಗೆ ಗೊತ್ತಿತ್ತು. ಯಾರೋ ಕೆಲಸವಿಲ್ಲದ ನಟ, ಬಿಟ್ಟುಬಿಡಿ ಅಂದರೆ ಸಾಕು. ಮೀನುಗಾರ ತನ್ನವನು, ಆರು ಭಾಗ ತನ್ನವು, ಗ್ಲಾಫಿರಾಳ ಮುಂದೆ ತಲೆಯೆತ್ತಿ ಕೂತು ಸೂಪು ಕುಡಿಯಬಹುದು. ಆದರೆ ಹಾಗೆ ಹೇಳಬೇಕಾದರೆ ಸಲಿಕೆ ತಡವಾಗಿ ಬೀಳಲಿಲ್ಲ ಎಂದು ಒಪ್ಪಬೇಕು. ತಡವಾಗಿ ಬಿದ್ದಿತ್ತು. ಏಳು ತಿಂಗಳು ಎಂಥೆಂಥ ಸುಳ್ಳನ್ನೋ ಸಲೀಸಾಗಿ ಹೇಳಿದವನಿಗೆ ಈ ಸಣ್ಣ ಸುಳ್ಳಿನ ಹತ್ತಿರ ಬಂದು ನಾಲಗೆ ಕಟ್ಟಿಕೊಂಡಿತು. ಮತ್ತು ಅವನಿಗೆ ರೋಷ ಬಂದಿತ್ತು, ಹೌದು, ರೋಷವೇ. ಇವರೆಲ್ಲ ಅತ್ತದ್ದು ಯಾರನ್ನು ನೋಡಿ? ಇಲ್ಲದ ಬಾಯ್ಲರಿನವನನ್ನು ನೋಡಿಯೇ? ಅವನನ್ನು ಉಗುರಿನಿಂದ ಬೆನ್ನಿನವರೆಗೆ ಕಟ್ಟಿ ನಿಲ್ಲಿಸಿದವನು ಯಾರು? ವೇದಿಕೆಯ ಮೇಲಿಂದ ತಿರುಗಿ ನೋಡಿದಾಗ, ಎಲ್ಲರೂ ಎದ್ದು ನಿಂತಿದ್ದ ಸಭೆಯಲ್ಲಿ ಯೆರ್ಮೊಲಾಯ್ ಒಬ್ಬನೇ ಕೂತು ಕಾಲರಿನ ಸಿಪ್ಪೆ ತೆಗೆಯುತ್ತಿದ್ದ. ನಿಕಾಂದರನಿಗೆ ನಾಚಿಕೆಯಿಂದ ಕಿವಿ ಬಿಸಿಯಾಯಿತು.

"ಚೀಟಿ ಬರೆದವನು ಸರಿಯಾಗೇ ಬರ್ದಿದಾನೆ," ಎಂದ. "ತಡ ಆಯ್ತು."

"ಬಿಡಪ್ಪಾ!" ಎಂದಿತು ಸಭೆ. "ಮಗ ಹೋದಾಗ ಯಾರು ಗಡಿಯಾರ ನೋಡ್ತಾರೆ?"

"ನನಗೆ ಮಗನೇ ಇಲ್ಲ. ಚೀಟಿ ಬರ್ದಿದ್ದು ನಾನೇ. ನಾನೇ ನಟ."

ನಗು ಎದ್ದಿತು. ರೋಗೋವ್ ಕೂಡ ನಕ್ಕ, ಆದರೆ ಆ ನಗು ಅರ್ಧದಲ್ಲೇ ನಿಂತಿತು. ಅವನು ನಿಕಾಂದರನ ಮುಖವನ್ನು ಈಗ ಮೊದಲ ಸಲ ಎಂಬಂತೆ ನೋಡಿದ. ಹಿಂದಿನಿಂದ ಒಬ್ಬ ದಪ್ಪ ಕತ್ತಿನವನು ಎದ್ದ. "ಸುಳ್ಳು ಹೇಳ್ಬೇಡ್ರೀ! ಹನ್ನೆರಡು ವರ್ಷದಿಂದ ಬಾಯ್ಲರ್ ಮುಂದೆ ನಿಂತಿದೀನಿ ನಾನು. ಆ ಸೊಂಟ ಯಾವ ನಟನಿಗೂ ಬರಲ್ಲ!"

"ನಂಗೂ ಬರ್ತಿರಲಿಲ್ಲ. ಕಲಿಸಿದ್ದು ಯೆರ್ಮೊಲಾಯ್ ಸಾವಿಚ್. ಅಲ್ಲಿ ಕೂತಿದಾರೆ ನೋಡಿ."

"ಯಾರು? ಮಾಲೀಕನಾ?"

"ಮಾಲೀಕ ನಿಮ್ಮಪ್ಪ!" ಎಂದು ಯೆರ್ಮೊಲಾಯ್ ಸಿಡಿದು ಎದ್ದು ನಿಂತ, ಕೆನ್ನೆಯೆಲ್ಲ ಕೆಂಪಾಗಿ. "ಲೋ, ನಿಂಗೆ ಸಲಿಕೆ ಹಿಡಿಯೋದು ಹೇಳ್ಕೊಟ್ಟೋನೂ ನಾನೇ ಅಲ್ವೇನೋ? ಒಂದು ತುಪ್ಪಳದ ಕೋಟು ಹಾಕ್ದೆ ಅಂತ ಮರ್ತೇಬಿಟ್ರಾ ಎಲ್ರೂ? ಅವನು ಹೇಳೋದು ನಿಜ. ಬಂದಾಗ ಸೂಪ್ ಬಡಿಸೋ ಹಾಗೆ ಹಿಡೀತಿದ್ದ."

ರೋಗೋವ್ ಹತ್ತಿರ ಬಂದ. ಅವನ ತುಟಿ ಬಿಳಚಿಕೊಂಡಿತ್ತು. ಆ ಮುಖದಲ್ಲಿ ಸಿಟ್ಟಿಗಿಂತ ಹೆಚ್ಚಾಗಿ, ಆಟದ ಸಾಮಾನು ಕಿತ್ತುಕೊಂಡರೆ ಮಕ್ಕಳಿಗೆ ಆಗುವ ದಿಗ್ಭ್ರಮೆ ಇತ್ತು. "ಮೀನುಗಾರ ಮುಗೀತು," ಎಂದ ಪಿಸುಮಾತಿನಲ್ಲಿ. "ಅರ್ಥ ಆಗುತ್ತಾ ನಿಮಗೆ? ಮುಗೀತು." ನಿಕಾಂದರ್ ತಲೆಯಾಡಿಸಿದ. ಅರ್ಥವಾಗಿತ್ತು. ವಿಚಿತ್ರವೆಂದರೆ ಅವನಿಗೆ ಭಯವಾಗಲಿಲ್ಲ. ಪರದೆ ಏಳುವ ಮುಂಚೆ ಆಗುವ ಆ ಹಳೆಯ ಕಚಗುಳಿ ಇತ್ತು.

"ನಟ ಆದ್ರೆ ಮಾಡಿ ತೋರ್ಸು!" ಎಂದಳು ಬೆಂಚಿನ ಮೇಲಿನ ಹೆಂಗಸು. ಅವಳಿಗೆ ಮೋಸವಾಗಿತ್ತು, ಅವಳ ಕಣ್ಣೀರಿನ ಲೆಕ್ಕ ಅವಳಿಗೆ ಬೇಕಿತ್ತು. "ತೋರ್ಸು!" ಎಂದರು ಎಲ್ಲರೂ, ಕಾಲಿನಿಂದ ನೆಲ ಬಡಿಯುತ್ತ.

ಅವನು ಕೋಟು ಬಿಚ್ಚಿ ಕುರ್ಚಿಯ ಮೇಲೆ ಹಾಕಿದ. ಪಿಯಾನೋದವಳು ಬೆರಳೆತ್ತಿದಳು, ಬೇಡವೆಂದು ಕೈ ತೋರಿಸಿದ. ಬರಿಯ ಹಲಗೆ, ಬರಿಗೈ, ಇಳಿಮಧ್ಯಾಹ್ನದ ಬಿಸಿಲು. ಎರಡು ಕಾಲು ಅಗಲಿಸಿ ನಿಂತು ಬಾಗಿದ, ಸಲಿಕೆ ತುಂಬಿದ. "ಬಾಗಿಲು!" ಎಂದು ಹಿಂದಿನಿಂದ ಯೆರ್ಮೊಲಾಯ್ ಗದರಿದ, "ಮೊದ್ಲು ಬಾಗಿಲು ತಮ್ಮಾ!" ಕಾಲಿನಿಂದ ಬಾಗಿಲು ಒದ್ದ. ಮುಖದ ಮೇಲೆ ಬೆಂಕಿ ಬಿತ್ತು. ಉಸಿರು ಹಿಡಿದು ಸೊಂಟದಿಂದ ಎಸೆದ. ಇನ್ನೊಂದು. "ಹಾಂ, ಹಾಗೆ," ಎಂದ ದಪ್ಪ ಕತ್ತಿನವನು ತನಗರಿವಿಲ್ಲದೆ. ಮೂರನೆಯದು, ನಾಲ್ಕನೆಯದು, ಬೆನ್ನಿನಲ್ಲಿ ಬೆವರು ಇಳಿಯತೊಡಗಿತು. ಐದನೆಯದನ್ನು ಎಸೆಯುವಾಗ ಒಂದು ತುಂಡು ಅಂಚಿಗೆ ತಾಗಿ ಹೊರಗೆ ಸಿಡಿಯಿತು, ಅವನು ಅದನ್ನು ಕಣ್ಣಿನಲ್ಲೇ ಹಿಂಬಾಲಿಸಿದ, ಮುಂದಿನ ಸಾಲಿನ ಮೂವರು ತಟ್ಟನೆ ಕಾಲು ಹಿಂದಕ್ಕೆ ಎಳೆದುಕೊಂಡರು. ಆರನೆಯದು ಸಲಿಕೆಯಲ್ಲಿರುವಾಗ ಯಾರೋ ಬಂದು ಹೇಳಿದರು. ಯಾರೂ ಬರಲಿಲ್ಲ, ಯಾರೂ ಹೇಳಲಿಲ್ಲ, ಆದರೆ ಇಡೀ ಸಭೆಗೆ ಕೇಳಿಸಿತು. ಅವನು ಎಸೆಯಬೇಕಾದದ್ದನ್ನು ಎಸೆದ. ಬಾಗಿಲು ಮುಚ್ಚಿದ. ಮುಚ್ಚಿದ್ದೂ ಕೈ ಬಿಟ್ಟಿದ್ದೂ ಒಂದೇ ಆಯಿತು, ನಡುವೆ ಕೂದಲು ತೂರುವಷ್ಟೂ ಜಾಗವಿರಲಿಲ್ಲ.

ಯಾರೂ ಚಪ್ಪಾಳೆ ತಟ್ಟಲಿಲ್ಲ. ಬೆಂಚಿನ ಮೇಲಿದ್ದ ಹೆಂಗಸು ಮೆಲ್ಲಗೆ ಕೂತಳು. ಯೆರ್ಮೊಲಾಯ್‌ನ ಹೆಂಡತಿ ಶಾಲಿನ ತುದಿಯಿಂದ ಮೂಗು ಒರೆಸಿಕೊಂಡಳು. ರೋಗೋವ್ ಬೆರಳುಗಳನ್ನು ಚೌಕಟ್ಟಿನಂತೆ ಹಿಡಿದಿದ್ದ, ಹಿಡಿದಿದ್ದೇನೆಂದು ಗೊತ್ತಾಗಿ ಕೆಳಗಿಳಿಸಿದ, ಕೋಟಿನ ಜೇಬಿಗೆ ತುರುಕಿದ. ಮೆಲಾನ್ಯಾ ಪ್ರೊಖೋರೊವ್ನಾ ಒಮ್ಮೆ ಕೆಮ್ಮಿ, ಲೇಖನಿಯನ್ನು ಮಸಿಗೆ ಅದ್ದಿದಳು.

"ಹೆಸರು ಹೇಳಿ ಕಾಮ್ರೇಡ್. ಸಭೆಯ ವರದೀಲಿ ಬರೀಬೇಕು."

ನಿಕಾಂದರನಿಗೆ ಮೊದಲು ಆ ಪ್ರಶ್ನೆ ತನಗೆಂದೇ ತಿಳಿಯಲಿಲ್ಲ. ಏದುಸಿರಿನ ನಡುವೆ ಏನೋ ಗೊಣಗಿದ.

"ಕೇಳಿಸ್ಲಿಲ್ಲಾ!" ಎಂದರು ಹಿಂದಿನಿಂದ. "ಗಟ್ಟಿಯಾಗಿ!"

ಹನ್ನೆರಡು ಮೂಕಿ ಚಿತ್ರಗಳಲ್ಲಿ ಅವನು ಬಾಯಿ ಆಡಿಸಿದ್ದ, ಒಂದರಲ್ಲೂ ಸದ್ದು ಬಂದಿರಲಿಲ್ಲ. ಅಂಗೈಯನ್ನು ಷರಾಯಿಗೆ ಒರೆಸಿಕೊಂಡ. ಹಿಮ್ಮಡಿಗಳನ್ನು ಹಲಗೆಯ ಮೇಲೆ ಊರಿ ನಿಂತು ಹೊಟ್ಟೆಯ ಆಳದಿಂದ ಗಾಳಿ ಎಳೆದುಕೊಂಡು, "ಸುಖರೇವ್," ಎಂದ, "ನಿಕಾಂದರ್ ಇಪಾತ್ಯೆವಿಚ್ ಸುಖರೇವ್," ಎಂದು ಕೊನೆಯ ಬೆಂಚಿನವರಿಗೂ, ಅದರಾಚೆ ಬಾಗಿಲಲ್ಲಿ ಬಂದವರ ಕೋಟು ಕಾಯುವ ಕ್ಲಬ್ಬಿನ ಕೆಲಸದವಳಿಗೂ ಕೇಳುವ ಹಾಗೆ ಹೇಳಿದ.